ಪತ್ತನಾಜೆ ಕಳೆದ ಮೇಲೆ ಚಾವಡಿಯಲ್ಲಿ ಮೂಕಿ ಆಟ

ಪತ್ತನಾಜೆ ಕಳೆಯಿತು ಅಂದರೆ ನಮ್ಮ ಕಡೆ ರಾತ್ರಿಗಳು ಖಾಲಿ. ತುಳುನಾಡಿನ ಈ ದಿನ ಮೇ 24ರ ಹೊತ್ತಿಗೆ ಬರುತ್ತದೆ. ಅಲ್ಲಿಗೆ ಯಕ್ಷಗಾನ ಮೇಳಗಳು ಗೆಜ್ಜೆ ಬಿಚ್ಚುತ್ತವೆ, ಭೂತಗಳ ಕೋಲ ನೇಮಗಳು ನಿಲ್ಲುತ್ತವೆ. ಹಿಂದೆಯೇ ಮಳೆ. ಮೂರು ವರ್ಷದಿಂದ ಈ ಖಾಲಿ ರಾತ್ರಿಗಳಲ್ಲಿ ನಾನು ಉಡುಪಿಯ ನಮ್ಮ ಮನೆಯ ಚಾವಡಿಯಲ್ಲಿ ನೂರು ವರ್ಷ ಹಳೆಯ ಮೂಕಿ ಹಾಸ್ಯಚಿತ್ರ ಹಾಕುತ್ತೇನೆ. ಅಕ್ಕಪಕ್ಕದ ಹತ್ತು ಹನ್ನೆರಡು ಜನ ಬರುತ್ತಾರೆ. ತುಳುವಿನವರು, ಕೊಂಕಣಿಯವರು, ಒಂದು ಬ್ಯಾರಿ ಕುಟುಂಬ, ಕುಂದಾಪ್ರ ಕನ್ನಡದ ಒಬ್ಬ ಅಜ್ಜಿ. ಟಿವಿ ಹಾಕಿದರೆ ಯಾವ ಭಾಷೆಯ ಚಾನೆಲ್ ಎಂಬಲ್ಲೇ ತಕರಾರು ಶುರು. ಮೂಕಿಗೆ ಆ ರಗಳೆ ಇಲ್ಲ.

ಮೊದಲ ವರ್ಷ ಮಾಡಬಾರದ್ದನ್ನೆಲ್ಲ ಮಾಡಿದೆ. ಅಮೆರಿಕದ ಮೂಕಿ ಹಾಸ್ಯನಟ ಬಸ್ಟರ್ ಕೀಟನ್‌ನ ‘ದ ಜನರಲ್’ ದೊಡ್ಡ ಚಿತ್ರ ಅಂತ ಓದಿದ್ದೆ. ಅದನ್ನೇ ಮೊದಲ ರಾತ್ರಿ ಹಾಕಿದೆ. ಒಂದೂಕಾಲು ಗಂಟೆಯ ಚಿತ್ರ. ನನಗೆ ಸಿಕ್ಕಿದ್ದು ಮಸುಕು ಪ್ರತಿ, ಹಿಂದೆ ಒಂದೇ ಪಿಯಾನೋ ತುಣುಕು ಮತ್ತೆ ಮತ್ತೆ. ಹತ್ತನೇ ನಿಮಿಷಕ್ಕೆ ಮಕ್ಕಳು ಮೊಬೈಲಿಗೆ ಹೋದರು. ನಲವತ್ತನೇ ನಿಮಿಷಕ್ಕೆ ಕರೆಂಟ್ ಹೋಯಿತು. ಬಂದ ಮೇಲೆ ಉಳಿದದ್ದು ಹಾಕುವುದಾ ಅಂತ ಕೇಳಿದೆ. ‘ನಾಳೆ ನೋಡುವ’ ಅಂದರು. ನಮ್ಮೂರಲ್ಲಿ ‘ನಾಳೆ ನೋಡುವ’ ಅಂದರೆ ಎಂತ ಅಂತ ಗೊತ್ತುಂಟಲ್ಲ.

ಆಮೇಲೆ ಕಲಿತದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ನೀವೂ ಮಾಡಬಹುದು. ಪ್ರೊಜೆಕ್ಟರ್ ಬಾಡಿಗೆಗೆ ಸಿಕ್ಕಿದರೆ ಒಳ್ಳೆಯದು, ಇಲ್ಲದಿದ್ದರೆ ದೊಡ್ಡ ಟಿವಿ ಸಾಕು. ಪರದೆಗೆ ಬಿಳಿ ಬೆಡ್‌ಶೀಟ್ ಆಗುತ್ತದೆ. ಜೂನ್‌ನಲ್ಲಿ ಒಣಗಲು ಹಾಕಿದ್ದು ಹೇಗೂ ಚಾವಡಿಯಲ್ಲೇ ನೇತಾಡುತ್ತಿರುತ್ತದೆ. ಮೊಬೈಲಿನಲ್ಲಿ ಒಬ್ಬರೇ ನೋಡುವುದು ಮಾತ್ರ ಬೇಡ. ಈ ಚಿತ್ರಗಳನ್ನು ತುಂಬಿದ ಹಾಲ್‌ಗೆ ಅಂತಲೇ ಮಾಡಿದ್ದು. ಪಕ್ಕದವರು ನಕ್ಕಾಗ ನಮಗೂ ನಗು ಬರುತ್ತದೆ, ಅಷ್ಟನ್ನು ಲೆಕ್ಕ ಹಾಕಿಯೇ ಮುಂದಿನ ಪೆಟ್ಟನ್ನು ಎರಡು ಕ್ಷಣ ತಡೆದಿರುತ್ತಾರೆ.

ಮೊದಲ ರಾತ್ರಿಗೆ ಚಿಕ್ಕದ್ದು

ಆಗ ಹಾಸ್ಯಚಿತ್ರಗಳು ಹೆಚ್ಚಾಗಿ ಒಂದು ಅಥವಾ ಎರಡು ರೀಲಿನವು. ಎರಡು ರೀಲ್ ಅಂದರೆ ಸುಮಾರು ಇಪ್ಪತ್ತು, ಇಪ್ಪತ್ತೈದು ನಿಮಿಷ. ಶುರು ಮಾಡಲು ಅದೇ ಸರಿಯಾದ ಅಳತೆ.

ನನ್ನ ಆಯ್ಕೆ ಕೀಟನ್‌ನ ‘ಒನ್ ವೀಕ್’, 1920ರದ್ದು. ಹೊಸದಾಗಿ ಮದುವೆಯಾದ ಜೋಡಿಗೆ ಒಂದು ಮನೆ ಉಡುಗೊರೆ ಬರುತ್ತದೆ. ಪೆಟ್ಟಿಗೆಗಳಲ್ಲಿ ತುಂಡು ತುಂಡಾಗಿ. ನಂಬರ್ ನೋಡಿ ಜೋಡಿಸಿದರೆ ಆಯಿತು. ಹೊಟ್ಟೆಕಿಚ್ಚಿನ ಒಬ್ಬ ಆ ನಂಬರ್‌ಗಳನ್ನೇ ಬದಲಿಸಿ ಬಿಡುತ್ತಾನೆ. ಮುಂದೆ ಏಳುವುದು ಎಂತಹ ಮನೆ ಅಂತ ನೀವೇ ನೋಡಿ. ಮನೆ ಕಟ್ಟಿಸಿ ಕಂಟ್ರಾಕ್ಟರ್ ಹಿಂದೆ ಓಡಾಡಿದವರು ಚಾವಡಿಯಲ್ಲಿ ಒಬ್ಬರಿದ್ದರೂ ಸಾಕು, ನಗು ಅಲ್ಲಿಂದಲೇ ಹಬ್ಬುತ್ತದೆ.

ಅದರ ಹಿಂದೆಯೇ ಲಾರೆಲ್ ಮತ್ತು ಹಾರ್ಡಿಯ ‘ಬಿಗ್ ಬಿಸಿನೆಸ್’ (1929) ಹಾಕಿ. ಇಬ್ಬರು ಬಿಸಿಲೂರಿನಲ್ಲಿ ಕ್ರಿಸ್ಮಸ್ ಮರ ಮಾರಲು ಹೊರಟಿದ್ದಾರೆ. ಒಂದು ಮನೆಯವನಿಗೆ ಬೇಡ. ಬಾಗಿಲಿಗೆ ಮರದ ಟೊಂಗೆ ಸಿಕ್ಕಿದ್ದೇ ನೆಪ, ಕೊನೆಗೆ ಇವರು ಅವನ ಮನೆ ಒಡೆಯುತ್ತಾರೆ, ಅವನು ಇವರ ಕಾರು ಪುಡಿ ಮಾಡುತ್ತಾನೆ. ಇಲ್ಲಿ ಗಮನಿಸಬೇಕಾದ್ದು ಒಂದೇ. ಒಬ್ಬ ಒಡೆಯುವಾಗ ಇನ್ನೊಬ್ಬ ತಡೆಯುವುದಿಲ್ಲ. ಕೈಕಟ್ಟಿ ನಿಂತು ಪೂರ್ತಿ ನೋಡುತ್ತಾನೆ. ಮುಗಿಯಿತಾ? ಸರಿ, ಈಗ ನನ್ನ ಸರದಿ. ವೇಷವಿಲ್ಲದೆ ಕೂತು ಮಾತಿನಲ್ಲೇ ವಾದಿಸುವ ನಮ್ಮ ತಾಳಮದ್ದಳೆಯಲ್ಲಿ ಎದುರಾಳಿ ಅರ್ಥಧಾರಿ ಮುಗಿಸುವವರೆಗೆ ಕಾಯುವ ಹಾಗೆ. ಅಲ್ಲಿ ಮಾತಿಗೆ ಮಾತು, ಇಲ್ಲಿ ಕಿಟಕಿಗೆ ಹೆಡ್‌ಲೈಟು. ಎಷ್ಟು ಮರ್ಯಾದೆಯಿಂದ ಜಗಳ ಆಡುತ್ತಾರೋ ಅಷ್ಟು ನಗು. ಕಂಪೌಂಡ್ ಗೋಡೆಗಾಗಿ ಹನ್ನೆರಡು ವರ್ಷ ಕೋರ್ಟಿಗೆ ಅಲೆದ ನಮ್ಮ ನೆರೆಯವರೊಬ್ಬರು ಇದನ್ನು ನೋಡುತ್ತ ಕಣ್ಣು ಒರೆಸಿಕೊಂಡರು. ನಗುವಿಗೋ ಬೇರೆ ಯಾವುದಕ್ಕೋ, ನಾನು ಕೇಳಲಿಲ್ಲ.

ಕಪ್ಪುಬಿಳುಪು, ಮಾತಿಲ್ಲದ್ದು ಅಂದರೆ ಮೂಗು ಮುರಿಯುವ ಹಿರಿಯರಿಗೆ 1987ರ ‘ಪುಷ್ಪಕ ವಿಮಾನ’ ನೆನಪು ಮಾಡಿ. ಬೆಂಗಳೂರಿನ ಆ ಕಥೆಯಲ್ಲಿ ಒಂದು ಡೈಲಾಗ್ ಇಲ್ಲ, ಆದರೂ ಜನ ಕೂತು ನೋಡಿದರು. ಮೂಕಿ ಅಂದರೆ ಅಮೆರಿಕದ್ದು ಮಾತ್ರ ಅಂತಲೂ ಅಂದುಕೊಳ್ಳಬೇಡಿ. ಮಂಗಳೂರಿನಲ್ಲಿ ಹುಟ್ಟಿದ ಕಮಲಾದೇವಿ ಚಟ್ಟೋಪಾಧ್ಯಾಯ 1931ರ ಮೂಕಿ ‘ಮೃಚ್ಛಕಟಿಕ’ದಲ್ಲಿ ನಟಿಸಿದ್ದರು. ಕೋಟದ ಶಿವರಾಮ ಕಾರಂತರೂ ಅದೇ ಕಾಲಕ್ಕೆ ‘ಡೊಮಿಂಗೊ’ ಅಂತ ಒಂದು ಮೂಕಿ ಚಿತ್ರ ಮಾಡಿದ್ದರು.

ವೇಗ ಸರಿ ಉಂಟಾ ನೋಡಿ

‘ಹಳೇ ಸಿನಿಮಾದಲ್ಲಿ ಎಲ್ಲರೂ ಇರುವೆ ಹಾಗೆ ಓಡ್ತಾರಲ್ಲ’ ಅಂತ ಮಕ್ಕಳು ಹೇಳುತ್ತಾರೆ. ಅದು ಹೆಚ್ಚಾಗಿ ನಾವು ಹಾಕುವ ವೇಗದ ತಪ್ಪು. ಆಗ ಕ್ಯಾಮರಾವನ್ನು ಕೈಯಲ್ಲಿ ತಿರುಗಿಸುತ್ತಿದ್ದರು. ಸೆಕೆಂಡಿಗೆ 16, 18, 20 ಚೌಕಟ್ಟು (ಫ್ರೇಮ್), ಒಬ್ಬೊಬ್ಬರದು ಒಂದೊಂದು ಲೆಕ್ಕ. ಟಾಕಿ ಬಂದ ಮೇಲೆ 24 ಅಂತ ಗಟ್ಟಿಯಾಯಿತು. 18ರಲ್ಲಿ ತೆಗೆದದ್ದನ್ನು 24ರಲ್ಲಿ ಓಡಿಸಿದರೆ ಇರುವೆಯೇ.

ಪರೀಕ್ಷೆ ಸುಲಭ. ಹಾಸ್ಯನಟನನ್ನು ನೋಡಬೇಡಿ, ಹಿಂದೆ ರಸ್ತೆಯಲ್ಲಿ ಸುಮ್ನೆ ನಡೆದು ಹೋಗುವವರನ್ನು ನೋಡಿ. ಅವರೂ ಓಡುತ್ತಿದ್ದರೆ ವೇಗ 0.75ಕ್ಕೆ ಇಳಿಸಿ. 24ರ ಮುಕ್ಕಾಲು ಅಂದರೆ 18, ಲೆಕ್ಕ ಸರಿ ಬಂತು. ಆದರೆ ಪೂರ್ತಿ ಸರಿಮಾಡಲು ಹೋಗಬೇಡಿ. ಅಟ್ಟಿಸಿಕೊಂಡು ಹೋಗುವ ದೃಶ್ಯಗಳನ್ನು ಬೇಕೆಂದೇ ನಿಧಾನ ತಿರುಗಿಸಿ ತೆಗೆಯುತ್ತಿದ್ದರು, ಪರದೆಯ ಮೇಲೆ ಜೋರಾಗಿ ಓಡಲಿ ಅಂತ. ಆ ಚುರುಕು ಅವರದ್ದೇ.

ಬಣ್ಣ ಬಳಿದ ಪ್ರತಿ, ‘ಡೊಂಯ್’ ‘ಪೊಂಯ್’ ಸದ್ದು ಸೇರಿಸಿದ ಪ್ರತಿ ಬೇಡ. ಒಂದೇ ಚಿತ್ರಕ್ಕೆ ಎರಡು ರೂಪ ಇರುವುದೂ ಉಂಟು. ಚಾಪ್ಲಿನ್‌ನ ‘ದ ಗೋಲ್ಡ್ ರಶ್’ 1925ರಲ್ಲಿ ಮೂಕಿಯಾಗಿ ಬಂತು. 1942ರಲ್ಲಿ ಚಾಪ್ಲಿನ್ನೇ ತನ್ನ ದನಿಯಲ್ಲಿ ಕಥೆ ಹೇಳಿ, ಕತ್ತರಿ ಹಾಕಿ ಮತ್ತೆ ಬಿಟ್ಟ. ನನ್ನ ಓಟು 1925ರದ್ದಕ್ಕೆ.

ಸ್ಪೀಕರ್ ಬಂದ್, ಮದ್ದಳೆ ಶುರು

ಮೂಕಿ ಚಿತ್ರಗಳು ಹೆಚ್ಚಾಗಿ ಮೌನವಾಗಿ ಓಡಲಿಲ್ಲ. ಚಿಕ್ಕ ಹಾಲ್‌ನಲ್ಲಿ ಒಂದು ಪಿಯಾನೋ, ದೊಡ್ಡದರಲ್ಲಿ ಇಡೀ ವಾದ್ಯತಂಡ. ನುಡಿಸುವವರು ಪರದೆ ನೋಡಿಕೊಂಡು ನುಡಿಸುತ್ತಿದ್ದರು. ಈ ಕೆಲಸ ನಮಗೆ ಹೊಸತಾ? ಯಕ್ಷಗಾನದಲ್ಲಿ ಭಾಗವತರು ಮತ್ತು ಚೆಂಡೆಯವರು ವೇಷದ ಕಾಲು ನೋಡಿಕೊಂಡೇ ತಾನೇ ನುಡಿಸುವುದು.

ಹಾಗಾಗಿ ಎರಡನೇ ವರ್ಷ ಯಕ್ಷಗಾನ ಕಲಿಯುವ ಒಬ್ಬ ಹುಡುಗನನ್ನು ಕರೆದೆ. ಅವನು ಚೆಂಡೆ ತಂದ. ಚಾವಡಿಯೊಳಗೆ ಚೆಂಡೆ! ಒಂದೇ ನಿಮಿಷಕ್ಕೆ ಅಜ್ಜಿ ಕಿವಿ ಮುಚ್ಚಿಕೊಂಡರು, ಪಕ್ಕದ ಮನೆಯ ನಾಯಿ ಊಳಿಟ್ಟಿತು. ಮರುವಾರ ಮದ್ದಳೆ ಬಂತು. ಅದು ಸರಿ ಹೋಯಿತು. ಹಾರ್ಮೋನಿಯಂ, ತಬಲಾ, ಕೀಬೋರ್ಡ್ ಯಾವುದಾದರೂ ಆದೀತು, ಆದರೆ ನುಡಿಸುವವರು ಚಿತ್ರವನ್ನು ಮೊದಲೇ ಎರಡು ಸಲ ನೋಡಿರಬೇಕು.

ಅವರಿಗೆ ಒಂದು ಮಾತು ಹೇಳಿಡಿ. ಬಿದ್ದಾಗಲೆಲ್ಲ ಪೆಟ್ಟು ಹಾಕಬೇಡಿ. ಬೀಳುವುದು ಕಣ್ಣಿಗೆ ಕಾಣುತ್ತದೆ, ಅದಕ್ಕೆ ಕೈ ತೋರಿಸುವುದು ಯಾಕೆ? ಬೀಳುವ ಮೊದಲಿನ ನಡಿಗೆಗೆ ತಾಳ ಕೊಡಿ. ಬೀಳುವ ಹೊತ್ತಿಗೆ ಕೈ ಎತ್ತಿಬಿಡಿ. ಆ ಒಂದು ಕ್ಷಣದ ನಿಶ್ಶಬ್ದದಲ್ಲಿ ಚಾವಡಿ ಪೂರ್ತಿ ನಗುತ್ತದೆ. ನಮ್ಮ ಹುಡುಗ ಇದನ್ನು ಮೂರನೇ ವಾರಕ್ಕೆ ಹಿಡಿದ.

ನಡುವೆ ಬರುವ ಬರಹದ ಹಲಗೆಗಳನ್ನು ಒಬ್ಬರೇ ಗಟ್ಟಿಯಾಗಿ, ಒಂದೇ ಭಾಷೆಯಲ್ಲಿ ಓದಲಿ. ಜಪಾನಿನಲ್ಲಿ ಇದಕ್ಕೇ ‘ಬೆನ್ಶಿ’ ಅಂತ ಕಲಾವಿದರಿದ್ದರು, ಪರದೆಯ ಪಕ್ಕ ನಿಂತು ಕಥೆ ಹೇಳುತ್ತಿದ್ದರು. ತುಟಿ ಅಲುಗಾಡಿದಾಗಲೆಲ್ಲ ಅಜ್ಜಿ ‘ಎಂತ ಹೇಳ್ದ?’ ಅಂತ ಕೇಳುತ್ತಾರೆ. ‘ಎಂತ ಇಲ್ಲ ಅಜ್ಜಿ’ ಅನ್ನಿ. ಎರಡನೇ ಚಿತ್ರಕ್ಕೆ ಕೇಳುವುದು ತಾನಾಗಿ ನಿಲ್ಲುತ್ತದೆ.

ತಿಂಡಿಯ ಬಗ್ಗೆ ಒಂದೇ ಸಾಲು. ಹಲಸಿನ ಹಪ್ಪಳ ಚಿತ್ರ ಮುಗಿದ ಮೇಲೆ ಕೊಡಿ. ಮಾತಿಲ್ಲದ ಸಿನಿಮಾದಲ್ಲಿ ಹಪ್ಪಳ ಮುರಿಯುವ ಸದ್ದೇ ಡೈಲಾಗ್ ಆಗಿಬಿಡುತ್ತದೆ. ಗೋಳಿಬಜೆ ಯಾವಾಗ ಬೇಕಾದರೂ ಆಗಬಹುದು.

ಕಾಲು ನೋಡಿ, ಆಮೇಲೆ ಮುಖ

ಈಗಿನ ಸಿನಿಮಾ ನಮಗೆ ಮುಖ ನೋಡಲು ಕಲಿಸಿದೆ. ಮೂಕಿ ಹಾಸ್ಯಕ್ಕೆ ಅದು ಸಾಲದು. ಕೀಟನ್, ಚಾಪ್ಲಿನ್ ಇಬ್ಬರೂ ಹೆಚ್ಚಾಗಿ ತಲೆಯಿಂದ ಪಾದದವರೆಗೆ ಇಡೀ ಮೈ ಕಾಣುವಂತೆ ನಿಲ್ಲುತ್ತಾರೆ. ಕತ್ತರಿ ಕಡಿಮೆ. ಯಾಕೆಂದರೆ ಕತ್ತರಿಸಿದರೆ ಮೋಸ ಅಂತ ಅನಿಸುತ್ತದೆ, ಕತ್ತರಿಸದಿದ್ದರೆ ಎದೆ ಝಲ್ ಅನ್ನುತ್ತದೆ.

ಕೀಟನ್‌ನ ‘ಸ್ಟೀಮ್‌ಬೋಟ್ ಬಿಲ್ ಜೂನಿಯರ್’ (1928) ಚಿತ್ರದಲ್ಲಿ ಬಿರುಗಾಳಿಗೆ ಒಂದು ಮನೆಯ ಮುಂಭಾಗದ ಗೋಡೆ ಪೂರ್ತಿ ಅವನ ಮೇಲೆ ಬೀಳುತ್ತದೆ. ಅವನು ನಿಂತ ಜಾಗಕ್ಕೆ ಸರಿಯಾಗಿ ಮೇಲಿನ ತೆರೆದ ಕಿಟಕಿ ಬರುತ್ತದೆ, ಅವನು ಉಳಿಯುತ್ತಾನೆ. ಆ ಗೋಡೆ ಎರಡು ಟನ್ ತೂಕದ್ದು ಎನ್ನುತ್ತಾರೆ. ನಿಂತವನು ಕೀಟನ್ನೇ, ಬದಲಿ ಮನುಷ್ಯ ಅಲ್ಲ. ಕೆಲವು ಇಂಚು ಆಚೀಚೆ ಆಗಿದ್ದರೆ ಕಥೆ ಮುಗಿದಿತ್ತು. ‘ಷರ್ಲಾಕ್ ಜೂನಿಯರ್’ (1924) ತೆಗೆಯುವಾಗ ನೀರಿನ ರಭಸಕ್ಕೆ ಹಳಿಯ ಮೇಲೆ ಬಿದ್ದು ಅವನ ಕತ್ತಿನ ಮೂಳೆ ಸೀಳಿತ್ತು. ಅದು ಗೊತ್ತಾದದ್ದು ವರ್ಷಗಳ ನಂತರ, ಬೇರೆ ಯಾವುದಕ್ಕೋ ಎಕ್ಸ್‌ರೇ ತೆಗೆದಾಗ. ಆ ಏಟು ಚಿತ್ರದಲ್ಲೇ ಉಂಟು. ಏಟು ತಿಂದವನು ಎದ್ದು ಓಡುತ್ತಾನೆ, ಮುಖದಲ್ಲಿ ಒಂದು ಗೆರೆ ಬದಲಾಗುವುದಿಲ್ಲ.

ಕಾಲು ನೋಡಿ ಅಭ್ಯಾಸವಾದ ಮೇಲೆ ಆ ಮುಖಕ್ಕೆ ಬನ್ನಿ. ಕೀಟನ್ ಚಿಕ್ಕ ಮಗುವಾಗಿದ್ದಾಗಲೇ ಅಪ್ಪ ಅಮ್ಮನ ಜೊತೆ ರಂಗಕ್ಕೆ ಬಂದವನು. ಅಪ್ಪ ಅವನನ್ನು ಎತ್ತಿ ಎಸೆಯುವುದೇ ಅವರ ಆಟ. ತಾನು ನಕ್ಕರೆ ಜನ ನಗುವುದಿಲ್ಲ ಅಂತ ಅವನಿಗೆ ಆಗಲೇ ತಿಳಿಯಿತು. ನಮ್ಮ ಒಳ್ಳೆಯ ಹಾಸ್ಯಗಾರರಿಗೂ ಇದು ಗೊತ್ತು. ರಂಗದಲ್ಲಿ ತಾವೇ ನಕ್ಕು ‘ಕುಸಾಲು’ (ತಮಾಷೆ) ಮಾರುವವರನ್ನು ಎರಡು ಆಟಕ್ಕೆ ಮರೆಯುತ್ತೇವೆ. ಗಂಭೀರವಾಗಿ, ತನ್ನದೇ ಸರಿ ಎಂಬ ಹಠದಲ್ಲಿ ತಪ್ಪು ಕೆಲಸ ಮಾಡುವವನು ವರ್ಷಗಟ್ಟಲೆ ನೆನಪಿರುತ್ತಾನೆ.

ಮೂರನೆಯದಾಗಿ ವಸ್ತುಗಳನ್ನು ನೋಡಿ. ‘ದ ಗೋಲ್ಡ್ ರಶ್’ನಲ್ಲಿ ಹಿಮದ ನಡುವೆ ಗುಡಿಸಲು, ತಿನ್ನಲು ಏನೂ ಇಲ್ಲ. ಚಾಪ್ಲಿನ್ ತನ್ನ ಬೂಟು ಬೇಯಿಸುತ್ತಾನೆ. ತಟ್ಟೆಗೆ ಬಡಿಸುತ್ತಾನೆ. ಲೇಸನ್ನು ಶ್ಯಾವಿಗೆಯ ಹಾಗೆ ಸುತ್ತಿ ತಿನ್ನುತ್ತಾನೆ, ಮೊಳೆಗಳನ್ನು ಕೋಳಿಯ ಎಲುಬಿನ ಹಾಗೆ ಚೀಪುತ್ತಾನೆ. ಚಿತ್ರೀಕರಣಕ್ಕೆ ಬೂಟನ್ನು ಜೇಷ್ಠಮಧುವಿನ ಮಿಠಾಯಿಯಲ್ಲಿ ಮಾಡಿದ್ದರು. ಮಕ್ಕಳಿಗೆ ಇದನ್ನು ಮೊದಲೇ ಹೇಳಬೇಡಿ.

ಯಕ್ಷಗಾನ ನೋಡಿದವರಿಗೆ ಈ ಆಟ ಕೂಡಲೇ ಅರ್ಥವಾಗುತ್ತದೆ. ರಂಗದಲ್ಲಿ ನಮಗಿರುವುದು ಒಂದು ‘ರಥ’, ನಾಲ್ಕು ಕಾಲಿನ ಪೀಠ. ಅದೇ ಸಿಂಹಾಸನ, ಅದೇ ಬೆಟ್ಟ, ಅದೇ ಮಂಚ. ವೇಷಧಾರಿ ನಂಬಿದರೆ ನಾವೂ ನಂಬುತ್ತೇವೆ. ಆದರೆ ಚಾಪ್ಲಿನ್‌ನ ಬೂಟಿನಲ್ಲಿ ಇನ್ನೊಂದು ವಿಷಯ ಉಂಟು. ಹಸಿವು ನಿಜ. ಲಂಡನ್ನಿನ ಬಡವರ ಆಶ್ರಯಾಲಯಕ್ಕೆ ಏಳನೇ ವಯಸ್ಸಿನಲ್ಲಿ ಹೋದ ಹುಡುಗ ಅವನು. ಊಟ ಹೇಗೆ ಮರ್ಯಾದೆಯ ಪ್ರಶ್ನೆಯಾಗುತ್ತದೆ ಅಂತ ಗೊತ್ತಿದ್ದವನು. ಅದಕ್ಕೇ ಬೂಟನ್ನು ತಿನ್ನುವಾಗಲೂ ಅವನು ಚಮಚ, ಕತ್ತಿ, ತಟ್ಟೆ ಬಿಡುವುದಿಲ್ಲ. ಸಿಕ್ಕಿದ್ದನ್ನು ಕಿತ್ತು ತಿಂದಿದ್ದರೆ ನಮಗೆ ನಗು ಬರುತ್ತಿರಲಿಲ್ಲ.

ಇಲ್ಲಿಗೆ ಬಂದಾಗ ನಾನು ಚಾವಡಿಯಲ್ಲಿ ಬಾಹುಕನ ಮಾತು ತೆಗೆಯುತ್ತೇನೆ. ಯಕ್ಷಗಾನದ ‘ನಳ ದಮಯಂತಿ’ ಪ್ರಸಂಗದಲ್ಲಿ ಹಾಸ್ಯಗಾರರು ಮಾಡುವ ವೇಷ. ಕಾರ್ಕೋಟಕ ಕಚ್ಚಿ ರೂಪ ಹಾಳಾದ ನಳನೇ ಬಾಹುಕ. ರಾಜ್ಯ ಹೋಗಿದೆ, ಹೆಂಡತಿಯನ್ನು ಕಾಡಿನಲ್ಲಿ ಬಿಟ್ಟು ಬಂದಿದ್ದಾನೆ, ಈಗ ಇನ್ನೊಬ್ಬನ ರಥ ಹೊಡೆಯುವ ಕೆಲಸ. ಜನ ಅವನ ಗೂನು ಬೆನ್ನಿಗೆ, ನಡಿಗೆಗೆ ನಗುತ್ತಾರೆ. ಒಳ್ಳೆಯ ಹಾಸ್ಯಗಾರ ನಗಿಸುತ್ತಲೇ ಒಂದು ಗಳಿಗೆ ನಿಲ್ಲುತ್ತಾನೆ. ಆ ಗಳಿಗೆಯಲ್ಲಿ ನಮಗೆ ನಳ ಕಾಣುತ್ತಾನೆ. ಚಾಪ್ಲಿನ್‌ನ ಅಲೆಮಾರಿಯನ್ನು ನೋಡುವಾಗ ಅಂತಹ ಗಳಿಗೆಗೆ ಕಾಯಿರಿ. ಅವನು ಟೋಪಿ ಸರಿ ಮಾಡಿಕೊಳ್ಳುವಾಗ, ಬೆನ್ನು ತಿರುಗಿಸಿ ಹೋಗುವಾಗ ಸಿಗುತ್ತದೆ.

ಆಮೇಲೆ ಯಾರು ಯಾರನ್ನು ಅಟ್ಟಿಸುತ್ತಿದ್ದಾರೆ ಎಂಬುದನ್ನೂ ನೋಡಿ. ಪೊಲೀಸ್, ಮಾಲೀಕ, ದೊಡ್ಡ ಹೋಟೆಲಿನ ಮಾಣಿ. ಬೀಳುವುದು ಹೆಚ್ಚಾಗಿ ಹೊಟ್ಟೆ ಬಂದವರು. ಆದರೆ ಎಲ್ಲವೂ ಚಂದ ಅಂತ ಹೇಳಲಾರೆ. ಕೀಟನ್‌ನ ‘ಸೆವೆನ್ ಚಾನ್ಸಸ್’ನಲ್ಲಿ ಬಿಳಿಯರು ಮುಖಕ್ಕೆ ಮಸಿ ಬಳಿದುಕೊಂಡು ಕರಿಯರ ಪಾತ್ರ ಮಾಡುವುದು ಉಂಟು. ‘ದ ಜನರಲ್’ನ ನಾಯಕ ಅಮೆರಿಕದ ಅಂತರ್ಯುದ್ಧದಲ್ಲಿ ಗುಲಾಮಗಿರಿ ಉಳಿಸಲು ಹೋರಾಡಿದ ಪಕ್ಷದವನು. ಮಕ್ಕಳ ಮುಂದೆ ಹಾಕುವ ಮೊದಲು ನೀವು ಒಮ್ಮೆ ನೋಡಿ. ಕೇಳಿದರೆ ಹೇಳಿ.

ಮುಂದಿನ ರಾತ್ರಿಗಳು

ಎರಡನೇ ವಾರ ಹೆರಾಲ್ಡ್ ಲಾಯ್ಡ್‌ನ ‘ಸೇಫ್ಟಿ ಲಾಸ್ಟ್’ (1923) ಹಾಕಿ. ಕನ್ನಡಕದ ಸಾಧಾರಣ ಹುಡುಗ ಬಹುಮಹಡಿ ಕಟ್ಟಡ ಹತ್ತುತ್ತಾನೆ, ಗಡಿಯಾರದ ಮುಳ್ಳಿಗೆ ಜೋತು ಬೀಳುತ್ತಾನೆ. ಆ ಚಿತ್ರ ಎಲ್ಲರೂ ಎಲ್ಲಾದರೂ ನೋಡಿರುತ್ತಾರೆ. ನಾಲ್ಕು ವರ್ಷ ಮೊದಲು ಫೋಟೋ ತೆಗೆಸಿಕೊಳ್ಳುವಾಗ ಆಟದ ಬಾಂಬ್ ಅಂದುಕೊಂಡದ್ದು ಸಿಡಿದು ಲಾಯ್ಡ್‌ನ ಬಲಗೈಯ ಹೆಬ್ಬೆರಳು, ತೋರುಬೆರಳು ಹೋಗಿದ್ದವು. ಕೈಗವಸಿನಲ್ಲಿ ಮುಚ್ಚಿಕೊಂಡ ಆ ಕೈಯಲ್ಲೇ ಅವನು ಹಿಡಿದದ್ದು. ಇದನ್ನು ಚಿತ್ರ ಮುಗಿದ ಮೇಲೆ ಹೇಳಿ. ಮತ್ತೊಮ್ಮೆ ಹಾಕಿ ಅನ್ನುತ್ತಾರೆ.

‘ಸಿಟಿ ಲೈಟ್ಸ್’ ಕೊನೆಯ ರಾತ್ರಿಗೆ ಇರಲಿ. ಬಂದದ್ದು 1931ರಲ್ಲಿ. ಆಗ ಹಾಲಿವುಡ್‌ನಲ್ಲಿ ಟಾಕಿಯದ್ದೇ ಕಾಲ. ಚಾಪ್ಲಿನ್ ಮಾತ್ರ ಮಾತು ಬೇಡ ಅಂತ ಹಠ ಹಿಡಿದ, ಸಂಗೀತವನ್ನು ತಾನೇ ಕೂಡಿಸಿದ. ಹಾಗಾಗಿ ಆ ರಾತ್ರಿ ಮದ್ದಳೆಗೆ ರಜೆ, ಸ್ಪೀಕರ್ ಹಾಕಿ.

ಮೊದಲ ಹತ್ತು ಹದಿನೈದು ನಿಮಿಷದಲ್ಲಿ ಹೂ ಮಾರುವ ಹುಡುಗಿ ಬರುತ್ತಾಳೆ. ಅವಳಿಗೆ ಕಣ್ಣಿಲ್ಲ. ಅವಳು ಈ ಅಲೆಮಾರಿಯನ್ನು ಶ್ರೀಮಂತ ಅಂದುಕೊಳ್ಳಬೇಕು. ಹೇಗೆ? ಇದಕ್ಕಾಗಿ ಚಾಪ್ಲಿನ್ ಮುನ್ನೂರಕ್ಕೂ ಹೆಚ್ಚು ಸಲ ಆ ದೃಶ್ಯ ತೆಗೆದ. ಕೊನೆಗೆ ಸಿಕ್ಕಿದ್ದು ಒಂದು ಕಾರಿನ ಬಾಗಿಲು. ಟ್ರಾಫಿಕ್‌ನಲ್ಲಿ ನಿಂತ ದೊಡ್ಡ ಕಾರಿನ ಒಂದು ಬಾಗಿಲಿಂದ ನುಗ್ಗಿ ಇನ್ನೊಂದರಿಂದ ಇವನು ಇಳಿಯುತ್ತಾನೆ. ಬಾಗಿಲು ಹಾಕಿದ ಸದ್ದು ಅವಳಿಗೆ ಕೇಳಿಸುತ್ತದೆ. ನಮಗೆ ಕೇಳಿಸುವುದಿಲ್ಲ, ಕಾಣುತ್ತದೆ. ಸದ್ದಿಲ್ಲದ ಚಿತ್ರದ ಇಡೀ ಕಥೆ ನಿಂತದ್ದು ಒಂದು ಸದ್ದಿನ ಮೇಲೆ! ನಾನು ನಾಲ್ಕನೇ ಸಲ ನೋಡುವಾಗಷ್ಟೇ ಇದು ಹೊಳೆಯಿತು. ಕೂತಲ್ಲೇ ‘ಅಯ್ಯೋ ಮಾರಾಯ’ ಅಂದೆ. ಎಲ್ಲರೂ ತಿರುಗಿ ನೋಡಿದರು.

ಕೊನೆಯ ದೃಶ್ಯ ನಾನು ಹೇಳುವುದಿಲ್ಲ. ಕೈಗಳನ್ನು ನೋಡಿ, ಅಷ್ಟೇ. ಮುಗಿದ ಕೂಡಲೇ ಲೈಟ್ ಹಾಕಬೇಡಿ. ಯಾರಾದರೂ ತಾವಾಗಿ ಎದ್ದು ಸ್ವಿಚ್ ಹುಡುಕುವವರೆಗೆ ಹಾಗೇ ಇರಲಿ. ಮಳೆಯ ಸದ್ದು ಇದ್ದೇ ಇರುತ್ತದಲ್ಲ.

ಮರುದಿನ ಒಂದು ಕೊಡೆ

ಮಕ್ಕಳಿಗೆ ಇದು ಹಿಡಿಸಿದರೆ ಒಂದು ಕೆಲಸ ಕೊಡಿ. ಒಂದು ಕೊಡೆ, ಒಂದು ಮೀನಿನ ಚೀಲ, ಬೀಗ ಹಾಕಿದ ಬಾಗಿಲು. ಮಾತಾಡಬಾರದು. ಜೋರು ಮಳೆ ಬರುತ್ತಿದೆ ಅಂತ ಇಟ್ಟುಕೊಂಡು ಬಾಗಿಲು ತೆರೆದು ಒಳಗೆ ಹೋಗಬೇಕು. ಒದ್ದೆಯಾಗಬಾರದು, ಮೀನು ಬೆಕ್ಕಿಗೆ ಸಿಗಬಾರದು.

ಮೊದಲ ಸಲ ಎಲ್ಲರೂ ಮುಖ ಕಿವಿಚಿ, ಬಿದ್ದು ಹೊರಳಾಡುತ್ತಾರೆ. ಯಾರೂ ನಗುವುದಿಲ್ಲ. ಎರಡನೇ ಸಲ ಹೇಳಿ, ನಗಿಸಬೇಡ, ಬಾಗಿಲು ಮಾತ್ರ ತೆಗಿ. ನಿಜವಾಗಿ ತೆಗೆಯಲು ನೋಡು. ಬೀಗದ ಕೈ ಯಾವ ಕಿಸೆಯಲ್ಲಿ ಉಂಟು? ಯಾವ ಕೈ ಖಾಲಿ? ಕೊಡೆಯನ್ನು ಕುತ್ತಿಗೆಯಲ್ಲಿ ಹಿಡಿದರೆ ಬೀಗ ಕಾಣುತ್ತದಾ? ಇಲ್ಲಿ ಆಟ ಹುಟ್ಟುತ್ತದೆ. ಒಂದು ಉಪಾಯ ಎರಡು ಸಲ ಸರಿ ಹೋಗಲಿ, ಮೂರನೇ ಸಲ ಕೈಕೊಡಲಿ ಅಂತ ಮಾತ್ರ ತಿದ್ದಿ.

ಕಳೆದ ಜುಲೈಯಲ್ಲಿ ಏಳು ಮಕ್ಕಳು ಮಾಡಿದ ಮೇಲೆ ಕುಂದಾಪ್ರದ ಅಜ್ಜಿ ಎದ್ದು ಬಂದರು. ಕೊಡೆ ತೆಗೆದುಕೊಂಡರು. ಚೀಲವನ್ನು ಹಲ್ಲಿನಲ್ಲಿ ಕಚ್ಚಿ, ಸೆರಗಿನ ಗಂಟಿನಿಂದ ಕೀ ಬಿಚ್ಚಿ, ಬಾಗಿಲು ತೆರೆದು ಒಳಗೆ ಹೋಗಿ ಬಾಗಿಲು ಹಾಕಿಕೊಂಡರು. ಎಲ್ಲ ಸರಿಯಾಯಿತು. ಕೊಡೆ ಮಾತ್ರ ಹೊರಗೆ, ಬಿಡಿಸಿದ ಹಾಗೇ. ಅರ್ಧ ನಿಮಿಷ ಏನೂ ಆಗಲಿಲ್ಲ. ಆಮೇಲೆ ಬಾಗಿಲು ಸ್ವಲ್ಪ ತೆರೆಯಿತು, ಒಂದು ಕೈ ಬಂದು ಕೊಡೆಯನ್ನು ಎಳೆಯಿತು. ಬಿಡಿಸಿದ ಕೊಡೆ ಬಾಗಿಲಲ್ಲಿ ಹಿಡಿಸಲಿಲ್ಲ. ಕೈ ಮತ್ತೆ ಎಳೆಯಿತು.